ಒಂದು ಗೇಣು ಹೆಚ್ಚು ನೇಯ್ದ ಬಟ್ಟೆ

ಐಗುಪ್ತ ದೇಶದಲ್ಲಿ, ನೈಲ್ ನದಿಯ ಪಡುವಣ ದಡದಲ್ಲಿ, ಹಸಿರು ಮುಗಿದು ಮರಳು ಶುರುವಾಗುವ ಕಡೆ, ಹಿಂದಿನವರು ತಮ್ಮ ಸತ್ತವರಿಗಾಗಿ ಕಲ್ಲು ಕೊರೆದು ಮಾಡಿದ ಗವಿಗಳಿವೆ. ಅಂಥದೊಂದು ಗವಿಯಲ್ಲಿ ಪೂಜ್ಯ ಪಮೂನರು ವಾಸವಾಗಿದ್ದರು. ಜನ ಅವರನ್ನು ಹೆಸರು ಹಿಡಿದು ಕರೆಯುತ್ತಿರಲಿಲ್ಲ, ಅಪ್ಪನವರು ಎನ್ನುತ್ತಿದ್ದರು. ಅವರ ಆಸ್ತಿಯೆಂದರೆ ಒಂದು ಚಾಪೆ, ಒಂದು ಮಡಕೆ, ಖರ್ಜೂರದ ಗರಿ ನೆನೆಹಾಕುವ ಒಂದು ಕಲ್ಲುಬಾನಿ. ಗರಿ ನೆನೆಸಿ ಬುಟ್ಟಿ ಹೆಣೆಯುವುದು, ಕೀರ್ತನೆ ಹೇಳುವುದು, ದಿನಕ್ಕೊಮ್ಮೆ ಒಣರೊಟ್ಟಿಯನ್ನು ನೀರಲ್ಲಿ ಅದ್ದಿ ತಿನ್ನುವುದು, ಇಷ್ಟೇ ಅವರ ದಿನಚರಿ. "ಯಾರದೋ ಗೋರಿಯಲ್ಲಿ ಬಿಟ್ಟಿ ಇದ್ದೇನೆ, ಮನೆಯೊಡೆಯ ಬಂದು ಎಬ್ಬಿಸುವವರೆಗೆ" ಎಂದು ತಾವೇ ನಗುತ್ತಿದ್ದರಂತೆ.

ಆ ನಗುವ ಮುಖದಲ್ಲಿ ಬಲಗಣ್ಣು ಇರಲಿಲ್ಲ. ಕ್ರೈಸ್ತರನ್ನು ಹಿಂಸಿಸುತ್ತಿದ್ದ ಕಾಲದಲ್ಲಿ ಚಕ್ರವರ್ತಿಯ ಆಜ್ಞೆ ಹೊರಟಿತ್ತು: ತನ್ನ ಮೂರ್ತಿಯ ಮುಂದೆ ಒಂದು ಚಿಟಿಕೆ ಧೂಪ ಹಾಕಿದವನು ಮನೆಗೆ ಹೋಗಬಹುದು, ಹಾಕದವನಿಗೆ ಕತ್ತಿ ಇಲ್ಲವೇ ಕಲ್ಲುಗಣಿ. ಅಪ್ಪನವರು ಹಾಕಲಿಲ್ಲ. ಅವರ ಕಣ್ಣು ಕಿತ್ತರು, ಎಡಗಾಲಿನ ನರ ಸುಟ್ಟರು, ಗಣಿಗೆ ದೂಡಿದರು. ಆಮೇಲೆ ಕಾಲ ತಿರುಗಿತು, ಆಜ್ಞೆ ರದ್ದಾಯಿತು, ಸಭೆಗೆ ನೆಮ್ಮದಿ ಬಂತು. ಊರೂರಿನವರು ಅಪ್ಪನವರನ್ನು ಮೆರವಣಿಗೆಗೆ ಕರೆದರು. ಅವರೋ ಕುಂಟುತ್ತ ಬಂದು ಈ ಗವಿ ಸೇರಿಕೊಂಡರು.

ಒಂದು ಮಧ್ಯಾಹ್ನ, ಕಲ್ಲು ಕಾದು ಕೆಂಡವಾಗಿದ್ದ ಹೊತ್ತಿನಲ್ಲಿ, ಪನೂಫ ಎಂಬವನು ಆ ಗವಿಗೆ ಬಂದು ಅವರ ಪಾದದ ಮೇಲೆ ಬಿದ್ದನು. ಮೂವತ್ತರ ಆಸುಪಾಸಿನವನು, ಬಹಳ ವರ್ಷ ದೋಣಿಯಲ್ಲಿ ಹುಟ್ಟು ಹಾಕಿದವನ ಹಾಗೆ ಅಂಗೈ ದಡ್ಡುಗಟ್ಟಿತ್ತು.

"ಅಪ್ಪಾ, ನನ್ನನ್ನು ಇಲ್ಲೇ ಇಟ್ಟುಕೊಳ್ಳಿ. ಏನು ಕೆಲಸ ಹೇಳಿದರೂ ಮಾಡ್ತೀನಿ. ಊರಿಗೆ ಹೋಗು ಅಂತ ಮಾತ್ರ ಅನ್ನಬೇಡಿ."

ಅಪ್ಪನವರು ಯಾವ ಊರು ಎಂದು ಕೇಳಲಿಲ್ಲ. ಬಾನಿಯಿಂದ ಒಂದು ಹಿಡಿ ಒದ್ದೆ ಗರಿ ತೆಗೆದುಕೊಟ್ಟು, "ಹಗ್ಗ ಹೊಸೆ" ಎಂದರು.

ಪನೂಫ ನಾಲ್ಕು ದಿನ ಹೊಸೆದನು. ಐದನೆಯ ದಿನ ಅಪ್ಪನವರು ಆ ಹಗ್ಗವನ್ನು ಬೆರಳಲ್ಲಿ ಹಾಯಿಸಿ ನೋಡಿದರು.

"ನೇಕಾರರ ಮನೆಯ ಕೈ ಇದು. ಎಳೆ ಹಿಡಿದ ರೀತಿಯಲ್ಲೇ ಗೊತ್ತಾಗುತ್ತೆ. ಯಾಕಪ್ಪಾ ನಡುಗುತ್ತೆ?"

ಅಷ್ಟು ಸಾಕಾಯಿತು. ಏಳು ವರ್ಷ ಯಾರೂ ಅವನನ್ನು ಏನನ್ನೂ ಕೇಳಿರಲಿಲ್ಲ. ಹಗ್ಗವನ್ನು ತೊಡೆಯ ಮೇಲೆ ಇಟ್ಟುಕೊಂಡೇ ಪನೂಫ ತನ್ನ ಕಥೆಯನ್ನು ಹೇಳಿದನು.

ತಮೋನ್ ಅವನ ಊರು. ಅವನ ತಾಯಿ ತಾಯೇಸಮ್ಮ ಅಗಸೆ ನಾರಿನ ಬಟ್ಟೆ ನೇಯುವವಳು, ಅವನು ಅದನ್ನು ಪಟ್ಟಣಕ್ಕೆ ಒಯ್ದು ಮಾರುವವನು. ಹಾಗೆ ಹೋದಾಗಲೇ ಸಿಕ್ಕಿಬಿದ್ದ. ಕ್ರೈಸ್ತನೇನು ಎಂದು ಕೇಳಿದ್ದಕ್ಕೆ ಹೌದು ಎಂದಿದ್ದ. ಮೊದಲ ದಿನ ಧೈರ್ಯ ಇತ್ತು. ಸೆರೆಮನೆಯಲ್ಲಿ ಇಬ್ಬಿಬ್ಬರನ್ನು ಒಂದೇ ಸರಪಳಿಗೆ ಬಿಗಿಯುತ್ತಿದ್ದರು. ಅವನ ಜೋಡಿಯಾಗಿ ಬಂದವನು ಶೆನೆ ಎಂಬ ಊರಿನ ಯೆರೆಮಿಯ. ಸೌತೆಕಾಯಿ ಬೆಳೆಯುವವನು, ತಾಳೆಮರದ ಹಾಗೆ ಎತ್ತರ. ಆ ಗೂಡಿನಲ್ಲಿ ಕಾಲು ಮಡಚದೆ ಮಲಗಲು ಆಗುತ್ತಿರಲಿಲ್ಲ ಅವನಿಗೆ. ಶ್ರುತಿ ಅನ್ನುವುದೇ ಇಲ್ಲದ ಕಂಠದಲ್ಲಿ ಕೀರ್ತನೆ ಹೇಳುವನು, ಕಾವಲುಗಾರರು ಬೈದರೆ ಇನ್ನೂ ಗಟ್ಟಿಯಾಗಿ ಹೇಳುವನು. ತನ್ನ ರೊಟ್ಟಿಯಲ್ಲಿ ಪನೂಫನಿಗೆ ಪಾಲು ಕೊಡುವನು.

ಆ ನಾಡಿನಲ್ಲಿ ಒಂದು ಪದ್ಧತಿ ಇತ್ತು. ಪರಸ್ಥಳದಲ್ಲಿ ಸತ್ತವನ ದೇಹವನ್ನು ಉಪ್ಪಿನಲ್ಲಿಟ್ಟು, ರಾಳ ಬಳಿದು, ತಲೆಯಿಂದ ಕಾಲಿನವರೆಗೆ ಬಟ್ಟೆಪಟ್ಟಿ ಸುತ್ತಿ ದೋಣಿಯಲ್ಲಿ ಊರಿಗೆ ಕಳಿಸುತ್ತಿದ್ದರು. ಯಾರ ಹೆಣ ಯಾವ ಊರಿಗೆ ಎಂದು ತಿಳಿಯಬೇಕಲ್ಲ, ಅದಕ್ಕೆ ಅಂಗೈಯಗಲದ ಮರದ ಹಲಗೆಯ ಮೇಲೆ ಹೆಸರು, ಊರು ಬರೆದು ಕೈಗೆ ಕಟ್ಟುತ್ತಿದ್ದರು. ಸೆರೆಯಲ್ಲಿದ್ದ ಭಕ್ತರು ಬದುಕಿರುವಾಗಲೇ ತಮ್ಮ ಹಲಗೆಯನ್ನು ತಾವೇ ಬರೆಸಿ ಕೈಗೆ ಕಟ್ಟಿಕೊಂಡಿದ್ದರು. ಮದುವೆಗೆ ಕಂಕಣ ಕಟ್ಟಿಕೊಂಡಷ್ಟು ಸಂತೋಷದಿಂದ ಕಟ್ಟಿಕೊಂಡರಂತೆ. ಯೆರೆಮಿಯನೂ ಕಟ್ಟಿಕೊಂಡ, ಪನೂಫನೂ ಕಟ್ಟಿಕೊಂಡ.

"ನನ್ನವ್ವ ಒಬ್ಬಳೇ ಕಣೋ. ನನ್ನ ಹೆಣ ಊರು ಮುಟ್ಟಿದರೆ ಸಾಕು, ತಲೆ ಎತ್ತಿ ಬದುಕ್ತಾಳೆ" ಎಂದು ಯೆರೆಮಿಯ ಅಂದಿದ್ದ.

ಕರೆ ಬಂದ ಬೆಳಗ್ಗೆ ಸರಪಳಿ ಬಿಚ್ಚಿದರು. ಮೊದಲು ಯೆರೆಮಿಯನನ್ನು ಎಳೆದೊಯ್ದರು. ಪನೂಫ ನೋಡುತ್ತಿದ್ದಂತೆಯೇ ಕತ್ತಿ ಬಿತ್ತು. ಆ ಸದ್ದು ಕೇಳಿ ಅವನ ಕೈ ತಾನಾಗಿ ಧೂಪದ ಬಟ್ಟಲಿಗೆ ಹೋಯಿತು. ಒಂದು ಚಿಟಿಕೆ, ಅಷ್ಟೇ. ಕೇಳುವವರೇ, ಬೆಚ್ಚಗೆ ಕೂತು ಇನ್ನೊಬ್ಬನ ಹೇಡಿತನ ತೂಗುವುದು ಸುಲಭ. ಆ ಮೂರ್ತಿಯ ಮುಂದೆ ನಾವು ನಿಂತಿದ್ದರೆ ಏನು ಮಾಡುತ್ತಿದ್ದೆವೋ ದೇವರೇ ಬಲ್ಲ. ಅಷ್ಟಕ್ಕೇ ಮುಗಿದಿದ್ದರೆ ಅವನ ಪಾಪ ಅತ್ತರೆ ತೊಳೆಯುವಂಥದು.

ಅಲ್ಲಿಗೆ ಮುಗಿಯಲಿಲ್ಲ. ಹೊರಗೆ ಬರುವ ದಾರಿಯಲ್ಲಿ ಹೆಣಗಳನ್ನು ರಾಶಿ ಹಾಕಿದ್ದರು. ಕಾವಲುಗಾರರು ಬೇರೆ ಕಡೆ ಮುಖ ಮಾಡಿದ್ದರು. ಪನೂಫ ಬಗ್ಗಿ ಯೆರೆಮಿಯನ ಕೈಯಿಂದ ಹಲಗೆ ಬಿಚ್ಚಿ, ತನ್ನ ಹಲಗೆಯನ್ನು ಕಟ್ಟಿಬಿಟ್ಟ. ಮಗ ನಂಬಿಕೆಗಾಗಿ ಪ್ರಾಣ ಕೊಟ್ಟು ರಕ್ತಸಾಕ್ಷಿಯಾದ ಎಂದು ಅವ್ವ ತಿಳಿಯಲಿ, ಧೂಪ ಹಾಕಿ ಓಡಿಹೋದ ಎಂದು ತಿಳಿಯದಿರಲಿ ಎಂದು.

"ಅವನ ಹಲಗೆ?" ಅಪ್ಪನವರು ಕೇಳಿದರು.

"ಹೊಳೆಗೆ ಎಸೆದೆ."

ಅಪ್ಪನವರು ಬಾನಿಯ ಅಂಚನ್ನು ಗಟ್ಟಿಯಾಗಿ ಹಿಡಿದುಕೊಂಡರು.

ಮುಂದಿನದನ್ನು ಪನೂಫ ತಲೆ ತಗ್ಗಿಸಿ ಹೇಳಿದ. ಏಳು ವರ್ಷ ಉತ್ತರದ ಕಡೆ ದೋಣಿಯಾಳಾಗಿ ದುಡಿದ. ಕಳೆದ ತಿಂಗಳು ದೋಣಿ ಶೆನೆಯ ದಡಕ್ಕೆ ಹತ್ತಿತು. ಆ ಊರಿನಿಂದ ಐದು ಜನ ಸೆರೆಗೆ ಹೋಗಿದ್ದರು, ನಾಲ್ಕು ದೇಹ ಮರಳಿ ಬಂದಿದ್ದವು. ಬಾರದವನು ಧೂಪ ಹಾಕಿ ಓಡಿಹೋಗಿರಬೇಕು ಎಂದು ಊರು ತೀರ್ಮಾನ ಮಾಡಿತ್ತು. ಊರ ಬಾಯಿಗೆ ಬೀಗ ಹಾಕುವವರು ಯಾರು? ಯೆರೆಮಿಯನ ತಾಯಿ ತೆಕ್ಲಮ್ಮ ಕೊಡ ಹಿಡಿದು ಬಂದರೆ ಮಿಕ್ಕ ಹೆಂಗಸರು ಬಾವಿಕಟ್ಟೆಯಿಂದ ಎದ್ದು ಹೋಗುವರು. ಭಾನುವಾರ ದೇವಾಲಯದ ಒಳಗೆ ಅವಳನ್ನು ಬಿಡುತ್ತಿರಲಿಲ್ಲ. ಬಾಗಿಲ ಹೊರಗಿನ ಕಲ್ಲಿನ ಮೇಲೆ ನಿಂತು ಪ್ರಾರ್ಥನೆ ಕೇಳಿಸಿಕೊಂಡು ಹೋಗುವಳು. ಅಲ್ಲಿಂದ ಪನೂಫ ಕದ್ದುಮುಚ್ಚಿ ತನ್ನೂರಿಗೆ ಹೋದ. ತನ್ನ ಮನೆಯ ನಡುಮನೆಯಲ್ಲಿ ಮಂಚದ ಮೇಲೆ ಆ ದೇಹ ಮಲಗಿತ್ತು, ಎದುರಿಗೆ ದೀಪ, ಹೊಸಿಲವರೆಗೆ ಹರಕೆ ಹೊತ್ತವರು. "ಪನೂಫ ಸ್ವಾಮಿಗಳೇ, ನಮಗಾಗಿ ಪ್ರಾರ್ಥಿಸಿ" ಎಂದು ಅವರು ಅಡ್ಡಬಿದ್ದಾಗ ಬೀದಿಯಲ್ಲಿ ನಿಂತಿದ್ದ ಪನೂಫ ಮರಳುಗಾಡಿನ ಕಡೆ ಓಡಿದ.

"ಈಗ ನೀವೇ ಹೇಳಿ ಅಪ್ಪಾ" ಎಂದ. "ಯೆರೆಮಿಯನ ಹೆಸರು ದೇವರಿಗೆ ಗೊತ್ತಿದೆಯಲ್ಲ, ಅಷ್ಟು ಸಾಲದೇ? ನಾನು ಹೋಗಿ ನಿಜ ಹೇಳಿದರೆ ನನ್ನವ್ವನ ಗತಿ ಏನು? ಈ ವಯಸ್ಸಿನಲ್ಲಿ ಬಾವಿಯಿಂದ ಒಂದು ಕೊಡ ನೀರು ಸೇದಲಿಕ್ಕೂ ಅವಳನ್ನು ಬಿಡೋದಿಲ್ಲ."

ಅಪ್ಪನವರು ತಮ್ಮ ಒಂದೇ ಕಣ್ಣಿನಿಂದ ಅವನನ್ನು ನೋಡಿದರು.

"ತೆಕ್ಲಮ್ಮ ನೀರು ಎಲ್ಲಿ ಸೇದ್ತಾಳೆ ಮಗನೇ?"

ಪನೂಫ ಮುಖ ಎತ್ತುವಷ್ಟರಲ್ಲಿ ಅಪ್ಪನವರು ಊರುಗೋಲು ಹಿಡಿದು ಎದ್ದಿದ್ದರು. ಗವಿಗೆ ಬಂದು ಆರು ವರ್ಷ ಅದರ ಬಾಗಿಲು ದಾಟದಿದ್ದ ಮಹನೀಯರು, ಸುಟ್ಟ ಕಾಲನ್ನು ಎಳೆಯುತ್ತ, ಮರಳಿನಲ್ಲಿ ಅವನಿಗಿಂತ ಮುಂದೆ ನಡೆದರು. ತಮೋನಿಗೆ ಮೂರು ದಿನದ ದಾರಿ.

ತಾಯೇಸಮ್ಮನ ಮನೆಯ ಜಗಲಿಯ ಮೇಲೆ ಅಪ್ಪನವರು ಕೂತರು. "ಒಳಗೆ ಹೋಗಬೇಕಾದವನು ನೀನು" ಎಂದರು.

ಪನೂಫ ತಲೆಯ ಮೇಲೆ ಮುಸುಕೆಳೆದುಕೊಂಡು ಹರಕೆಯವನ ಹಾಗೆ ಒಳಗೆ ಹೋದ. ಮುಂಜಾನೆಯ ಜನ ಚದುರಿದ್ದರು. ಅವ್ವ ದೀಪಕ್ಕೆ ಎಣ್ಣೆ ಎರೆಯುತ್ತಿದ್ದಳು. ಬೆನ್ನು ಬಾಗಿತ್ತು, ಬೆರಳು ಗಂಟುಗಂಟಾಗಿತ್ತು. ಮೂಲೆಯಲ್ಲಿ ಹಳೆಯ ಮಗ್ಗ ಇತ್ತು. ಅವನು ದೇಹದ ಪಾದದ ಕಡೆ ಮಂಡಿಯೂರಿದ. ಆಗ ಅವನ ಕಣ್ಣು ಮೇಲಿನ ಹೊದಿಕೆಯ ಮೇಲೆ ಬಿತ್ತು. ಅವ್ವನದೇ ನೇಯ್ಗೆ. ಆದರೆ ಕಾಲಿನ ಹತ್ತಿರ ಒಂದು ಗೇಣು ಅಗಲದ ಪಟ್ಟಿಯನ್ನು ಬೇರೆಯಾಗಿ ನೇಯ್ದು ಹೊಲಿದು ಸೇರಿಸಿತ್ತು.

ತಾಯೇಸಮ್ಮ ಅಳತೆ ತಪ್ಪಿದವಳೇ ಅಲ್ಲ. ಅವನ ಅಂಗಿಗಳನ್ನೆಲ್ಲ ಹುಟ್ಟಿದಾಗಿನಿಂದ ನೂಲಿನಲ್ಲಿ ಅಳೆಯದೆ, ಕಣ್ಣಳತೆಯಲ್ಲೇ ನೇಯ್ದವಳು. ಮಗನ ಹೆಣಕ್ಕೆಂದು ನೇಯ್ದ ಹೊದಿಕೆ ಒಂದು ಗೇಣು ಸಾಲದೆ ಹೋಯಿತೆಂದರೆ?

"ಅವ್ವಾ" ಎಂದ.

ಎಣ್ಣೆಯ ಗಿಂಡಿ ಅವಳ ಕೈಯಲ್ಲಿ ಅಲುಗಾಡಲಿಲ್ಲ. ಅವಳು ತಿರುಗಿ ನೋಡಲೂ ಇಲ್ಲ. ಹೋಗಿ ಬಾಗಿಲನ್ನು ಅರ್ಧ ಮುಂದೆ ಮಾಡಿದಳು.

"ಮೊದಲ ದಿನವೇ ಗೊತ್ತಾಯ್ತು ಕಣೋ" ಎಂದಳು ತಗ್ಗಿದ ದನಿಯಲ್ಲಿ. "ಹೊದಿಸಿದೆ, ಪಾದ ಹೊರಗೇ ಉಳೀತು. ಇದು ನನ್ನ ಮಗ ಅಲ್ಲ, ನನ್ನ ಕಂದ ಬದುಕಿದ್ದಾನೆ ಅಂತ ಕುಣಿಯೋ ಹಾಗಾಯ್ತು. ಯಾರ ಮುಂದೆ ಕುಣೀಲಿ? ನೀನು ಬದುಕಿದ್ದೀಯ ಅಂದರೆ ಧೂಪ ಹಾಕಿದ್ದೀಯ ಅಂತಲೇ ಅರ್ಥ. ಬಾಯಿ ಮುಚ್ಚಿಕೊಂಡು ಇನ್ನೊಂದು ಗೇಣು ನೇಯ್ದೆ."

ಹೆತ್ತವರಿಗೆ ಹೆಗ್ಗಣ ಮುದ್ದು ಎನ್ನುತ್ತಾರೆ. ಆ ಏಳು ವರ್ಷ ಅವಳು ಸತ್ತ ಮಗನಿಗಾಗಿ ಜನರ ಮುಂದೆ ಅತ್ತು, ಬದುಕಿದ ಮಗನಿಗಾಗಿ ಯಾರಿಗೂ ಕಾಣದ ಹಾಗೆ ಅತ್ತಿದ್ದಳು. ಈಗ ಅವನ ಮುಸುಕು ಸರಿಸಿ, ಎರಡೂ ಕೆನ್ನೆ ಹಿಡಿದು ನೋಡಿದಳು. ನೋಡಿ, ತಕ್ಷಣ ಕೈ ಮುಗಿದಳು.

"ಹೊರಟುಹೋಗು ಮಗಾ. ನಿನ್ನ ಕಾಲಿಗೆ ಬೀಳ್ತೀನಿ. ಉಸಿರಾಡ್ತಿದ್ದೀಯಲ್ಲ, ನನಗಷ್ಟು ಸಾಕು. ಯಾರಾದರೂ ನೋಡೋದರೊಳಗೆ ಹೋಗು."

"ಇವನಿಗೂ ಅವ್ವ ಇದ್ದಾಳೆ" ಎಂದ ಪನೂಫ. "ಇವನ ಹೆಸರು ಯೆರೆಮಿಯ. ನಾನೇ ಹಲಗೆ ಬದಲಾಯಿಸಿದೆ. ಅವಳು ದೇವಾಲಯದ ಹೊರಗೆ ನಿಂತಿದ್ದಾಳೆ ಅವ್ವಾ, ಏಳು ವರ್ಷದಿಂದ. ಓಡಿಹೋದವನ ತಾಯಿ ಅಂತ."

ತಾಯೇಸಮ್ಮ ಮಂಚದ ಕಾಲು ಹಿಡಿದು ಕುಕ್ಕರಿಸಿದಳು. ಇದನ್ನು ಅವಳು ಎಂದೂ ಯೋಚಿಸಿರಲಿಲ್ಲ. ದಿಕ್ಕಿಲ್ಲದ ಯಾವುದೋ ಪುಣ್ಯಾತ್ಮನ ದೇಹ, ತಾನಾದರೂ ದೀಪ ಹಚ್ಚಿದೆನಲ್ಲ ಎಂದು ಮನಸ್ಸಿಗೆ ಸಮಾಧಾನ ಹೇಳಿಕೊಂಡಿದ್ದಳು. ಬಾಗಿಲಲ್ಲಿ ಊರುಗೋಲಿನ ಸದ್ದಾಯಿತು. ಅಪ್ಪನವರ ಬಲಗಣ್ಣಿಲ್ಲದ ಮುಖ ನೋಡಿದ ಕೂಡಲೇ ಅವರು ಯಾರೆಂದು ಅವಳಿಗೆ ತಿಳಿಯಿತು.

"ದಿನಾ ದೀಪ ಹಚ್ಚಿದೆ ಅಪ್ಪಾ. ಅದೂ ಪಾಪವಾಯಿತೇ?"

"ದೀಪ ಪಾಪವಲ್ಲ ತಾಯಿ. ಮನೆ ತಪ್ಪಿದೆ."

ತಾಯೇಸಮ್ಮ ಸೆರಗಿನಿಂದ ಮುಖ ಒರೆಸಿಕೊಂಡು ಎದ್ದು, ಮುಂದೆ ಮಾಡಿದ್ದ ಬಾಗಿಲನ್ನು ತಾನೇ ಪೂರ್ತಿ ತೆರೆದಳು.

ಪನೂಫ ಬೀದಿಯಲ್ಲಿ ನಿಂತು, ಮುಸುಕಿಲ್ಲದೆ, ಎಲ್ಲವನ್ನೂ ಊರಿಗೆ ಹೇಳಿದ. ಮೊದಲು ಯಾರೂ ನಂಬಲಿಲ್ಲ. ನಂಬಿದ ಮೇಲೆ ಒಬ್ಬ ಉಗುಳಿದ, ಒಬ್ಬ ಕಲ್ಲೆತ್ತಿಕೊಂಡ. ಅಪ್ಪನವರು ಪನೂಫನ ಪಕ್ಕಕ್ಕೆ ಹೋಗಿ ನಿಂತದ್ದರಿಂದ ಆ ಕಲ್ಲು ನೆಲಕ್ಕೆ ಬಿತ್ತು. ವರ್ಷಗಟ್ಟಲೆ ಹರಕೆ ಸಲ್ಲಿಸಿದ್ದ ಮುದುಕನೊಬ್ಬ ಗೋಳಾಡಿದ: "ಹಾಗಾದರೆ ನನ್ನ ಚಳಿಜ್ವರ ಬಿಟ್ಟದ್ದು ಸುಳ್ಳೇ ಸ್ವಾಮಿ?"

"ಬಿಟ್ಟದ್ದು ನಿಜ. ನಿನಗಾಗಿ ದೇವರಲ್ಲಿ ಬೇಡಿದವನ ಹೆಸರು ಯೆರೆಮಿಯ" ಎಂದರು ಅಪ್ಪನವರು.

ದೋಣಿಯಲ್ಲಿ ದೇಹವನ್ನಿಟ್ಟು ಎರಡು ದಿನ ಪ್ರವಾಹಕ್ಕೆ ಎದುರಾಗಿ ಹೋದರು. ಪನೂಫನೇ ಹುಟ್ಟು ಹಾಕಿದ. ತಾಯೇಸಮ್ಮ ದೇಹದ ಪಾದದ ಕಡೆ ಕೂತಿದ್ದಳು. ಹೊಸ ಹಲಗೆಯ ಮೇಲೆ ಯೆರೆಮಿಯ, ಶೆನೆ ಎಂದು ಬರೆದು ಕೈಗೆ ಕಟ್ಟಿತ್ತು.

ಶೆನೆಗೆ ಮುಟ್ಟಿದ್ದು ಭಾನುವಾರ ಬೆಳಗ್ಗೆ. ದೇವಾಲಯದ ಒಳಗೆ ಪ್ರಾರ್ಥನೆ ನಡೆದಿತ್ತು, ಹೊರಗಿನ ಕಲ್ಲಿನ ಮೇಲೆ ತೆಕ್ಲಮ್ಮ ನಿಂತಿದ್ದಳು. ಪನೂಫ ಅವಳ ಕಾಲ ಬುಡದಲ್ಲಿ ಹಣೆಯಿಟ್ಟು ಹೇಳಬೇಕಾದ್ದನ್ನು ಹೇಳಿದ. ಅವಳು ಕೇಳಿಸಿಕೊಂಡಳೋ ಇಲ್ಲವೋ. ನೇರ ದೇಹದ ಬಳಿ ಹೋದಳು. ಮುಖಕ್ಕೆ ಬಟ್ಟೆ ಸುತ್ತಿತ್ತು, ನೋಡುವಂತಿರಲಿಲ್ಲ. ಕೈಯಿಂದ ತಲೆ ಸವರಿದಳು, ಭುಜ ಸವರಿದಳು, ಉದ್ದಕ್ಕೂ ಸವರುತ್ತ ಬಂದು ಪಾದದ ಹತ್ತಿರ ನಿಂತಳು. ಆ ಸೇರಿಸಿದ ಪಟ್ಟಿಯ ಹೊಲಿಗೆಯ ಮೇಲೆ ಬೆರಳಾಡಿಸಿದಳು.

"ಇವನೇ" ಎಂದಳು. "ಯಾವ ಹೊದಿಕೆಯೂ ಇವನಿಗೆ ಸಾಕಾಗ್ತಿರಲಿಲ್ಲ. ಚಳಿಗಾಲವೆಲ್ಲ ಕಾಲು ಹೊರಗೇ. ಇದನ್ನ ಯಾರು ಸೇರಿಸಿದ್ದು?"

"ನಾನು" ಎಂದಳು ತಾಯೇಸಮ್ಮ. "ಕಾಲಿಗೆ ಚಳಿಯಾದೀತು ಅಂತ ಅಲ್ಲ ತಾಯಿ. ಸುಳ್ಳು ಮುಚ್ಚಲಿಕ್ಕೆ."

ತೆಕ್ಲಮ್ಮ ಅವಳನ್ನು ಒಂದು ಕ್ಷಣ ನೋಡಿದಳು. "ಹೇಗೋ, ಏಳು ಚಳಿಗಾಲ ಬೆಚ್ಚಗಿದ್ದ" ಎಂದಳು. ಆಮೇಲೆ ಮಗನ ಪಾದದ ಮೇಲೆ ಮುಖವಿಟ್ಟು ಅತ್ತಳು. ಒಳಗಿದ್ದವರೆಲ್ಲ ಪ್ರಾರ್ಥನೆ ನಿಲ್ಲಿಸಿ ಹೊರಗೆ ಬಂದರು. ಬಾವಿಕಟ್ಟೆಯಿಂದ ಎದ್ದು ಹೋಗುತ್ತಿದ್ದ ಹೆಂಗಸರಿಗೆ ನೆಲ ಬಾಯಿ ಬಿಡಬಾರದೇ ಎನ್ನಿಸಿತು.

ರಕ್ತಸಾಕ್ಷಿಗಳ ದೇಹವನ್ನು ಮನೆಯಲ್ಲಿ ಮಂಚದ ಮೇಲಿಟ್ಟು ಪೂಜ್ಯಭಾವದಿಂದ ನೋಡಿಕೊಳ್ಳುವುದು ಆ ಜನರ ರೂಢಿ. ಶೆನೆಯವರು ಈಗ ನಾಚಿಕೆಯಿಂದಲೋ ಭಕ್ತಿಯಿಂದಲೋ, ನಮ್ಮ ಮನೆಯಲ್ಲಿಡಿ, ನಮ್ಮ ಮನೆಯಲ್ಲಿಡಿ ಎಂದು ಮುಂದೆ ಬಿದ್ದರು. ಅಪ್ಪನವರು ಕೋಲೆತ್ತಿ ಸುಮ್ಮನಿರಿಸಿದರು.

"ಮಣ್ಣಿಗೆ ಕೊಡಿ. ಮಣ್ಣಿನಲ್ಲಿರುವವನ ಹೆಸರನ್ನು ಯಾರೂ ಬಿಚ್ಚಿಕೊಳ್ಳಲಾರರು."

ತೆಕ್ಲಮ್ಮ ಸೆರಗೊಡ್ಡಿದಳು. "ಇಷ್ಟು ವರ್ಷ ಕಾದೆ ಅಪ್ಪಾ. ಒಂದು ದಿನವಾದರೂ ಮನೆಯಲ್ಲಿಟ್ಟುಕೊಳ್ಳಲೇ?"

ಅಪ್ಪನವರ ಒಂಟಿ ಕಣ್ಣಿನಿಂದ ನೀರು ಇಳಿದದ್ದನ್ನು ಅಂದು ಜನ ಕಂಡರು. "ಸಂಜೆಯವರೆಗೆ ಇಟ್ಟುಕೋ ತಾಯಿ" ಎಂದರು.

ಸಂಜೆ ದೇವಾಲಯದ ಒಳಗೆ, ವೇದಿಕೆಯ ಹತ್ತಿರ ಗುಂಡಿ ತೋಡಿ ಯೆರೆಮಿಯನನ್ನು ಇಟ್ಟರು. ಪನೂಫ ಒಳಗೆ ಹೋಗುವ ಹಾಗಿರಲಿಲ್ಲ. ಧೂಪ ಹಾಕಿದವರು ಪ್ರಾಯಶ್ಚಿತ್ತದ ಅವಧಿ ಮುಗಿಯುವವರೆಗೆ ಬಾಗಿಲ ಹೊರಗೇ ನಿಲ್ಲಬೇಕೆಂಬುದು ಸಭೆಯ ನಿಯಮ. ಹೋಗಿ ನಿಂತ. ತೆಕ್ಲಮ್ಮ ನಿಂತು ನಿಂತು ಸವೆಸಿದ ಕಲ್ಲೇ ಅದು. ಅಪ್ಪನವರು ಗವಿಗೆ ಮರಳುವ ಮುನ್ನ ಅವನ ತಲೆ ಮುಟ್ಟಿ, "ಈಗ ಕೈ ನಡುಗ್ತಿಲ್ಲ" ಎಂದಷ್ಟೇ ಹೇಳಿದರು.

ಮಾಡಿದ್ದುಣ್ಣೋ ಮಹಾರಾಯ ಎನ್ನುತ್ತೇವೆ, ಆದರೆ ಉಣ್ಣುವುದು ಮಾಡಿದವನೊಬ್ಬನೇ ಅಲ್ಲ. ತಮೋನಿನವರು ತಾಯೇಸಮ್ಮನ ಬಟ್ಟೆ ಕೊಳ್ಳುವುದನ್ನು ಬಿಟ್ಟರು. ಅವಳು ಎರಡನೆಯ ಚಳಿಗಾಲ ದಾಟಲಿಲ್ಲ. ಹೆಣಕ್ಕೆ ಹೆಗಲು ಕೊಡಲು ಮಗನ ಜೊತೆ ಬಂದವರು ಅಪ್ಪನವರೊಬ್ಬರೇ, ಅದೂ ಕುಂಟುಗಾಲಲ್ಲಿ. ಮರುಚಳಿಗಾಲಕ್ಕೆ ಅಪ್ಪನವರೂ ತಮ್ಮ ಗವಿಯಲ್ಲೇ ಕಣ್ಣು ಮುಚ್ಚಿದರು. ಪನೂಫ ಶೆನೆಯಲ್ಲಿ ಉಳಿದ. ವಾರವೆಲ್ಲ ಯೆರೆಮಿಯನ ಸೌತೆ ಹೊಲದಲ್ಲಿ ದುಡಿದು ಬೆಳೆಯನ್ನು ತೆಕ್ಲಮ್ಮನ ಬಾಗಿಲಲ್ಲಿ ಇಟ್ಟು ಬರುವನು, ಭಾನುವಾರ ಆ ಕಲ್ಲಿನ ಮೇಲೆ ನಿಲ್ಲುವನು. ತೆಕ್ಲಮ್ಮ ದಿನಾ ಬುಟ್ಟಿ ಒಳಗೆ ತೆಗೆದುಕೊಳ್ಳುತ್ತಿದ್ದಳು, ಮಾತು ಮಾತ್ರ ಒಂದೂ ಇಲ್ಲ.

ಹತ್ತು ವರ್ಷ ಕಳೆದ ಮೇಲೆ, ಯೆರೆಮಿಯನನ್ನು ಸ್ಮರಿಸುವ ದಿನದಂದು, ದೇವಾಲಯದ ಗುರುಗಳು ಬಾಗಿಲಿಗೆ ಬಂದು, ನಿನ್ನ ಅವಧಿ ಮುಗಿಯಿತು, ಒಳಗೆ ಬಾ ಎಂದರು. ಪನೂಫನ ಕಾಲು ಏಳಲಿಲ್ಲ. ಎರಡನೆಯ ಸಲ ಕರೆದರು, ಮೂರನೆಯ ಸಲ ಕರೆದರು. ಅವನು ತಲೆಯಾಡಿಸಿ ಕಲ್ಲಿಗೆ ಅಂಟಿಕೊಂಡೇ ನಿಂತ.

ಆಗ ಜನರ ನಡುವಿನಿಂದ ತೆಕ್ಲಮ್ಮ ಹೊರಗೆ ಬಂದಳು. ಕಣ್ಣು ಮಂಜಾಗಿದ್ದರಿಂದ ಗೋಡೆ ತಡವುತ್ತ ಬಂದು, ಅವನ ಕೈಯನ್ನು, ಒಂದು ಕಾಲಕ್ಕೆ ಸರಪಳಿ ಇದ್ದ ಆ ಮಣಿಕಟ್ಟನ್ನು, ಗಟ್ಟಿಯಾಗಿ ಹಿಡಿದಳು.

"ಒಂದೇ ಸರಪಳಿಯಲ್ಲಿದ್ದವರಲ್ಲವೇನೋ ನೀವು?" ಎಂದಳು. "ಅವನೊಬ್ಬನನ್ನೇ ಒಳಗೆ ಎಷ್ಟು ದಿನ ಬಿಡ್ತೀಯ? ಬಾ."